ಮೂರನೇ ಪಕ್ಷಗಾರಳು

"ಅಲ್ಲೇ ನಿಂದರ್ರಿ" ಎಂದು ಕಸ್ತೂರಿ ಬಾಗಿಲಿಗೆ ಕೈ ಅಡ್ಡ ಹಿಡಿದಳು. ತಟ್ಟೆಯಲ್ಲಿ ಹೊಸ ಇಳಕಲ್ ಸೀರೆ ಇಟ್ಟುಕೊಂಡು ಬಂದ ಸೋದರಮಾವ ರಾಚಪ್ಪ ಮೆಟ್ಟಿಲ ಮೇಲೇ ನಿಂತ. ಒಳಗೆ ಅವಳ ತಾಯಿ ಬಸಲಿಂಗವ್ವನ ಹೆಣವನ್ನು ಗೋಡೆಗೆ ಒರಗಿಸಿ ಕೂರಿಸಿದ್ದರು. ಬೆಟಗೇರಿಯ ಆ ಓಣಿಯೆಲ್ಲ ಅಂಗಳದಲ್ಲಿ ನೆರೆದಿತ್ತು. ಭಜನೆಯವರು ತಾಳ ನಿಲ್ಲಿಸಿದರು.

"ಏನವಾ, ಸತ್ತ ಮನಿಯೊಳಗ ಇದೇನ ನಿಂದು? ತವರಮನಿ ಸೀರಿ ಹೊದಿಸದ ಹೆಣ ಎತ್ತೂ ಪದ್ಧತಿ ಐತೇನು?"

"ಪದ್ಧತಿ ನನಗೂ ಗೊತ್ತೈತ್ರಿ. ತವರಮನಿಯವರು ಯಾರು ಅನ್ನೂದೇ ತಿಳೀವಲ್ದು."

ಹಿಂದೆ ಯಾರೋ ಕಿಸಕ್ಕೆಂದರು.

*

ಹನ್ನೆರಡು ವರ್ಷದ ಹಿಂದೆ ರಾಚಪ್ಪ ಮತ್ತು ಅವನ ತಮ್ಮ ಒಬ್ಬರ ಮೇಲೊಬ್ಬರು ದಾವೆ ಹೂಡಿದ್ದರು. ಜಗಳವೆಲ್ಲ ನಾಟಕ. ಅಪ್ಪನ ಎಣ್ಣೆಗಾಣದ ಜಾಗ ಮಾರಲು ಮಧ್ಯಂತರ ಆದೇಶ ಸಿಕ್ಕಿದ ದಿನ ಇಬ್ಬರೂ ಒಂದೇ ಖಾನಾವಳಿಯಲ್ಲಿ ಉಂಡರು. ದಾವೆಯಲ್ಲಿ ತಂಗಿ ಬಸಲಿಂಗವ್ವನ ಹೆಸರು ಎಲ್ಲೂ ಇರಲಿಲ್ಲ.

ಖಡಕ್ ರೊಟ್ಟಿ ಬಡಿದು ಬದುಕುತ್ತಿದ್ದ ಬಸಲಿಂಗವ್ವ, ಕೈಯ ಹಿಟ್ಟು ತೊಳೆದುಕೊಂಡು ಹೊಂಬಳ ವಕೀಲರ ಮನೆಗೆ ಹೋದಳು. ನನ್ನನ್ನೂ ಪಕ್ಷಗಾರಳಾಗಿ ಸೇರಿಸಿಕೊಳ್ಳಿ ಎಂದು ಅರ್ಜಿ ಹಾಕಿದಳು. ಮೇಲಿನ ಕೋರ್ಟಿಗೆ ಹೋಗಿ ಆ ಆದೇಶಕ್ಕೆ ತಡೆ ತಂದಳು. ಅಣ್ಣತಮ್ಮಂದಿರು ಆಗ ನಿಜಕ್ಕೂ ಒಂದಾದರು. ಈಕೆ ನಮ್ಮ ತಂದೆಯ ಮಗಳಲ್ಲ, ಮನೆಗೆಲಸಕ್ಕೆ ಇಟ್ಟುಕೊಂಡ ಅನಾಥೆ ಎಂದು ರಾಚಪ್ಪ ಕೋರ್ಟಿಗೆ ಪ್ರಮಾಣಪತ್ರ ಬರೆದುಕೊಟ್ಟ.

ಅಂದು ಕೋರ್ಟಿನಿಂದ ಬಂದವಳು ಸಂಜೆಯವರೆಗೂ ರೊಟ್ಟಿ ಬಡಿದಳು. ಮರದ ಹರಿವಾಣ, ಆ ಕೊಣಮಿಗೆ ಸೀಳುವಂತೆ ಬಡಿದಳು.

"ನಾ ಜಾಗದ ಸಲುವಾಗಿ ಕೋರ್ಟಿಗೆ ಹೋಗಿಲ್ಲವಾ" ಎಂದಳು ಮಗಳಿಗೆ. "ನಾ ಯಾರ ಮಗಳು ಅಂತ ಅವನ ಬಾಯಿಲೇ ಹೇಳಸ್ತೀನಿ. ಅಲ್ಲೀತನಕ ಮಣ್ಣಿಗೆ ಹೋಗಾಂಗಿಲ್ಲ."

*

ಹೇಳಿಸುವ ಮೊದಲೇ ಹೋಗಿಬಿಟ್ಟಳು. ಬೆಳಿಗ್ಗೆ ಹೊಂಬಳ ವಕೀಲರು ಹಾರ ಹಾಕಿ, ಕಸ್ತೂರಿಯನ್ನು ಹಿತ್ತಲಿಗೆ ಕರೆದು ಹೇಳಿದ್ದರು: "ತೊಂಬತ್ತು ದಿನದಾಗ ಕೇಸಿನ್ಯಾಗ ಆಕಿ ಬದಲಿ ನಿಮ್ಮ ಹೆಸರು ಸೇರಸ್ತೀನ್ರಿ. ಆದ್ರ ಸಾಲಿ ಕಲಿತಾಕಿ ಅಲ್ಲ, ಆಕಿ ನಿಮ್ಮಜ್ಜನ ಮಗಳು ಅನ್ನಾಕ ಒಂದು ಚೀಟಿ ಇಲ್ಲ ನಮ್ಮ ಕಡೆ."

ರಾಚಪ್ಪನಿಗೆ ತೊಂಬತ್ತು ದಿನದ ಮಾತು ತಿಳಿದಿರಲಿಲ್ಲ. ಆಕಿ ಜೋಡಿ ಕೇಸೂ ಮಣ್ಣಾತು ಎಂದು ಓಣಿಯ ತುದಿಯಲ್ಲೇ ಯಾರಿಗೋ ಹೇಳಿಬಂದಿದ್ದ. ಸೀರೆ ತಂದದ್ದು ಮಗನಿಗೆ ಹೆಣ್ಣು ಕೊಡಲು ಒಪ್ಪಿದ್ದ ಹೊಸ ಬೀಗರಿಗೆ ಹೆದರಿ. ಸತ್ತ ತಂಗಿಗೆ ಸೀರೆ ತರದ ಮನೆಗೆ ಯಾರು ಹೆಣ್ಣು ಕೊಡುತ್ತಾರೆ? ಆ ಬೀಗರು ಈಗ ಬೇವಿನ ಕೆಳಗೆ ನಿಂತು ನೋಡುತ್ತಿದ್ದರು.

"ನೀವು ಆಕಿಗೆ ಏನಾಗಬೇಕ್ರಿ?" ಕಸ್ತೂರಿ ಕೇಳಿದಳು.

"ಹುಚ್ಚಿಯಂಗ ಮಾತಾಡಬ್ಯಾಡ. ದಾರಿ ಬಿಟ್ಟು ಸರಿ."

"ಹೇಳ್ರಿ. ಹೇಳೂತನಕ ಹೆಣ ಏಳೂದಿಲ್ಲ."

ರಾಚಪ್ಪ ಬೀಗರ ಕಡೆ ನೋಡಿದ, ತಟ್ಟೆ ನೋಡಿದ. "ಅಣ್ಣ."

"ಎಂಥಾ ಅಣ್ಣ? ಕೇಳಿಸ್ಲಿಲ್ಲ ಭಜನಿಯವರಿಗೆ."

"ಒಡಹುಟ್ಟಿದ ಅಣ್ಣ! ಒಂದ ಅಪ್ಪಗ ಹುಟ್ಟೇವಿ, ಒಂದ ತಾಯಿ ಹಾಲು ಕುಡದೇವಿ. ಸಾಕೇನು?"

"ಸಾಕ್ರಿ, ಮಾವಾರ. ಒಳಗ ಬರ್ರಿ."

ಅವಳು ಕೈ ಇಳಿಸಿದಳು. ಸೀರೆ ಹೊದಿಸುವಾಗ ಅವನಿಗೆ ಅಳು ಬಂತು, ಸುಳ್ಳು ಅಳುವಲ್ಲ. ಕಸ್ತೂರಿಗೆ ಕನಿಕರ ಹುಟ್ಟಲಿಲ್ಲ; ಹೊಟ್ಟೆ ತಣ್ಣಗಾಯಿತು. ಹೆಣದೊಂದಿಗೆ ಮನೆಯವರ ಫೋಟೊ ತೆಗೆಯುವಾಗ ಅವಳೇ ಅವನ ರಟ್ಟೆ ಹಿಡಿದು ತಾಯಿಯ ಬಲಕ್ಕೆ ಕೂರಿಸಿದಳು. "ತವರಿನವರು ಇಲ್ಲೇ ಕುಂದರಬೇಕ್ರಿ. ಇನ್ನೂ ಹತ್ರ" ಎಂದಳು.

*

ರುದ್ರಭೂಮಿಯಲ್ಲಿ ಬಸಲಿಂಗವ್ವನನ್ನು ಕುಣಿಯೊಳಗೆ ಇಳಿಸಿದರು. ಜಂಗಮರು ಮಂತ್ರ ಹೇಳಿದರು. ಹಿಡಿ ಮಣ್ಣು ತೆಗೆದುಕೊಂಡು ಬಗ್ಗಿದ ರಾಚಪ್ಪನ ಕೈ ಹಾಗೇ ನಿಂತಿತು. ಒಳಗೆ ಕೂತವಳ ಮೈಮೇಲೆ ಇದ್ದದ್ದು ರೊಟ್ಟಿ ಬಡಿಯುವಾಗಿನ ಹಳೆಯ ನೂಲಿನ ಸೀರೆ.

"ನನ್ನ ಸೀರಿ ಎಲ್ಲೈತಿ?"

ಕಸ್ತೂರಿ ಮಣ್ಣು ಹಾಕಿ ಕೈ ಕೊಡವಿಕೊಂಡಳು. ಆಚೆ ಕಲ್ಲುಬೆಂಚಿನ ಮೇಲೆ ಹೊಂಬಳ ವಕೀಲರು, ಅಂಗಡಿಯ ಚೀಟಿ ಇನ್ನೂ ಅಂಟಿಕೊಂಡಿದ್ದ ಇಳಕಲ್ ಸೀರೆಯನ್ನು ತೊಡೆಯ ಮೇಲಿಟ್ಟುಕೊಂಡು, ಭಜನೆಯವರ ಹೆಸರುಗಳನ್ನು ಸಾಕ್ಷಿಪಟ್ಟಿಗೆ ಒಂದೊಂದಾಗಿ ಕೇಳಿ ಬರೆದುಕೊಳ್ಳುತ್ತಿದ್ದರು.