ಅರ್ಧ ಎಲೆ ಬಿಡಿಸಿದ ಮಾವಿನ ಟೊಂಗೆ

1

ನಾಗರತ್ನಮ್ಮ ಸ್ಟೂಲಿನ ಮೇಲೆ ನಿಂತು ಮಾವಿನ ಟೊಂಗೆಯ ಎಲೆ ಬಿಡಿಸುತ್ತಿದ್ದಾರೆ. ಅರ್ಧ ಆಗಿದೆ. ಕಥೆಯನ್ನು ಇಲ್ಲಿಂದ ಶುರು ಮಾಡಬಹುದೇ? ಮರದ ಹುಟ್ಟಿನಿಂದ ಶುರು ಮಾಡಿದರೆ ಚರಿತ್ರೆಯ ಪಾಠವಾಗುತ್ತದೆ, ನೀವು ಆಕಳಿಸುತ್ತೀರಿ. ಸ್ಟೂಲಿನಿಂದ ಶುರು ಮಾಡಿದರೆ, ಎಲೆ ಯಾಕೆ ಬಿಡಿಸುತ್ತಿದ್ದಾರೆಂದು ಹೇಳಲು ಮರದ ಹುಟ್ಟಿಗೇ ಹೋಗಬೇಕು. ಇರಲಿ. ಐವತ್ತು ದಾಟಿದ ಹೆಂಗಸನ್ನು ಎತ್ತರದಲ್ಲಿ ನಿಲ್ಲಿಸಿಯಾಗಿದೆ, ಬೇಗ ಹೇಳುತ್ತೇನೆ.

ದಾವಣಗೆರೆಯ ಎಸ್.ಎಸ್. ಬಡಾವಣೆ. ಕಾಂಪೌಂಡಿನೊಳಗೆ ಇರುವುದು ಒಂದೇ ಮರ, ಹಳ್ಳಿಯ ಹಳೇ ಮರದ ಕಸಿ. ಪಂಚಮಿ ಕಳೆದಿದೆ. ಕಸಿ ಕಟ್ಟಲು ಕಡ್ಡಿ ಬೇಕಾದರೆ, ಕತ್ತರಿಸುವ ಒಂದು ವಾರ ಮೊದಲೇ ಆ ಟೊಂಗೆಯ ಎಲೆಗಳನ್ನು ತೆಗೆಯಬೇಕು. ಎಲೆ ಹೋದರೆ ಕಣ್ಣುಗಳು ಉಬ್ಬುತ್ತವೆ. ಉಬ್ಬಿದ ಕಡ್ಡಿಯೇ ಇನ್ನೊಂದು ಗಿಡದ ಮೇಲೆ ಕೂರುವುದು. ಇವತ್ತು ಬಿಡಿಸಿದರೆ ಮುಂದಿನ ಸೋಮವಾರಕ್ಕೆ ಸಿದ್ಧ. ಪಂಚಮಿಗೆಂದು ತವರಿಗೆ ಬಂದ ರೂಪಶ್ರೀಯನ್ನು ಕರೆದೊಯ್ಯಲು ಹರಿಹರದ ಬೀಗರು ಬರುವುದೂ ಆವತ್ತೇ.

(ರೂಪಶ್ರೀ ನಾಗರತ್ನಮ್ಮನ ಮಗಳು. ಒಳಗೆ ಮಂಡಕ್ಕಿಗೆ ಒಗ್ಗರಣೆ ಹಾಕುತ್ತಿದ್ದಾಳೆ. ಅವಳಿಗೆ ಹೋಗಲು ಮನಸ್ಸಿಲ್ಲ. ಇದನ್ನು ನಿಧಾನವಾಗಿ ಹೇಳಬೇಕೆಂದಿದ್ದೆ, ತಡೆಯಲಾಗಲಿಲ್ಲ.)

2

ಮರದ ಹುಟ್ಟು, ಮೊದಲ ಡ್ರಾಫ್ಟ್. ಬರೆದವರು ನಾಗರತ್ನಮ್ಮನ ಗಂಡ ಮಹಾಂತೇಶ್. ಕಳೆದ ತಿಂಗಳು ಮಾವು ಬೆಳೆಗಾರರ ಸಭೆಯಲ್ಲಿ ಓದಿದ ಭಾಷಣ: "ಕಡರನಾಯಕನಹಳ್ಳಿಯ ನಮ್ಮ ಹೊಲದಲ್ಲಿ ನಮ್ಮ ಪೂಜ್ಯ ತಂದೆ ಉಜ್ಜನಪ್ಪನವರು ದೂರದೃಷ್ಟಿಯಿಂದ ಬೆಳೆಸಿದ ತಳಿ ಇಂದು ಸುತ್ತಲ ತೋಟಗಳಲ್ಲೆಲ್ಲ ಹಬ್ಬಿದೆ."

ಹಬ್ಬಿರುವುದು ನಿಜ. ಗೊರಟೆ ಅಂದರೆ ವಾಟೆ ತೆಳು, ತಿರುಳಿಗೆ ನಾರಿಲ್ಲ. ಬೇಸಿಗೆಯಲ್ಲಿ ಹರಿಹರದ ತಳ್ಳುಗಾಡಿಯವರು "ಉಜ್ಜಪ್ಪ, ಉಜ್ಜಪ್ಪ" ಎಂದು ಕೂಗುತ್ತಾರೆ. ತೀರಿಕೊಂಡ ಮೇಲೂ ವರ್ಷವರ್ಷ ಗಾಡಿಯ ಮೇಲೆ ರಾಶಿ ಬೀಳುವ ಮಾವ ಇನ್ಯಾರಿಗಿದ್ದಾರೆ?

2, ಮತ್ತೆ

ಎರಡನೇ ಡ್ರಾಫ್ಟ್, ಮರದ ಕೆಳಗೆ ಕೂತು ಬರೆಯುತ್ತಿರುವ ನನ್ನದು. ಉಜ್ಜನಪ್ಪನವರ ಹೆಂಡತಿ ದ್ರಾಕ್ಷಾಯಣಮ್ಮ, ಆಗಿನ್ನೂ ಹೊಸ ಮದುಮಗಳು, ತವರಿನಿಂದ ಸೆರಗಿನಲ್ಲಿ ಬಚ್ಚಿಟ್ಟು ತಂದ ಹಣ್ಣನ್ನು ಬಚ್ಚಲ ಹಿಂದೆ ಕೂತು ತಿಂದರು. ತಿನ್ನುತ್ತ ಅತ್ತರು. ವಾಟೆಯನ್ನು ಬಚ್ಚಲ ನೀರು ಹರಿಯುವಲ್ಲಿ ಎಸೆದರು.

"ಅತ್ತೆ ಅಳೋರಲ್ರಿ," ಸ್ಟೂಲಿನ ಮೇಲಿಂದ ನಾಗರತ್ನಮ್ಮ ಅಂದರು. "ಅಳು ತೆಗೀರಿ."

"ಹೊಸ ಮದುಮಗಳು, ತವರಿನ ಹಣ್ಣು. ಅತ್ತರೆ ಚೆಂದ."

"ಹಸಿವಾಗಿತ್ತು ಅಷ್ಟೆ. ಗಂಡಸರು ಉಂಡು ಏಳೋತನ ಕಾಯಬೇಕಿತ್ತು. ನಾನೇ ಕೇಳೀನಿ. 'ಹಣ್ಣು ತಿಂದೆ, ವಾಟೆ ಒಗದೆ, ಅದರಾಗೆ ಚರಿತ್ರೆ ಏನೈತೆ' ಅಂದ್ರು."

ಅಳು ತೆಗೆದೆ. (ಒಳ್ಳೆಯ ಪ್ಯಾರಾ ಆಗಿತ್ತು.)

ವಾಟೆಯಿಂದ ಎದ್ದ ಗಿಡ ತಾಯಿಯಂತೆಯೇ ಇರಬೇಕೆಂದಿಲ್ಲ. ಬಚ್ಚಲ ಹಿಂದೆ ಎದ್ದದ್ದು ತವರಿನ ಮರದಂತೆಯೂ ಇರಲಿಲ್ಲ, ಈ ಊರಿನ ಮರಗಳಂತೆಯೂ ಇರಲಿಲ್ಲ. ಆದರೆ ಕಸಿಯಿಂದ ಎದ್ದದ್ದು ಹಾಗಲ್ಲ. ಅದು ಅದೇ ಮರ. ಬೇರು ಮಾತ್ರ ಬೇರೆ ಯಾರದೋ.

ದ್ರಾಕ್ಷಾಯಣಮ್ಮ ಮಗಳನ್ನು ಗುತ್ತೂರಿಗೆ ಕೊಟ್ಟಾಗ ಉಡಿಯಲ್ಲಿ ಅಕ್ಕಿ, ಕೊಬ್ಬರಿ, ಎಲೆಅಡಿಕೆಯ ಜೊತೆ ಒದ್ದೆಬಟ್ಟೆ ಸುತ್ತಿದ ಕಸಿಕಡ್ಡಿ ಇಟ್ಟರು. ಅದೇ ಪದ್ಧತಿಯಾಯಿತು. ಕಡ್ಡಿಗೆ ತಾಯಿಯೇ ಎಲೆ ಬಿಡಿಸಬೇಕು, ಬೇರೆಯವರು ಮುಟ್ಟುವಂತಿಲ್ಲ. ಗಂಡನ ಮನೆಯಲ್ಲಿ ಕಸಿ ಚಿಗುರಿದರೆ "ಕಡ್ಡಿ ಕೂತಿತು, ಮಗಳು ಕೂತಳು" ಅನ್ನುತ್ತಾರೆ. ಕೂರದಿದ್ದರೆ, ಮಗಳು ಮತ್ತೆ ತವರಿಗೆ ಬಂದಾಗ ಹೊಸ ಕಡ್ಡಿ. ಗುತ್ತೂರು, ರಾಣೆಬೆನ್ನೂರು, ಹರಪನಹಳ್ಳಿ: ಉಜ್ಜನಪ್ಪನ ಮಾವು ಹಬ್ಬಿದ ನಕ್ಷೆ ಬರೆದರೆ ಅದು ಈ ಮನೆಯ ಹೆಣ್ಣುಮಕ್ಕಳನ್ನು ಕೊಟ್ಟ ಊರುಗಳ ನಕ್ಷೆ.

ಭಾಷಣದಲ್ಲಿ ಮಹಾಂತೇಶ್ ಇದನ್ನೂ ಹೇಳಿದ್ದರು. "ಉಡಿಯಲ್ಲಿ ಕಡ್ಡಿಯಿಲ್ಲದೆ ನಮ್ಮ ಮನೆಯ ಹೆಣ್ಣು ಎಂದೂ ಹೊಸಿಲು ದಾಟಿಲ್ಲ." ಚಪ್ಪಾಳೆ ಬಿತ್ತಂತೆ.

4

(ಮೂರನ್ನು ಹರಿದುಹಾಕಿದೆ. ಅದರಲ್ಲಿ ರೂಪಶ್ರೀಯ ಗಂಡ ಪ್ರಶಾಂತನಿಗೆ ಕುಡಿಸಿದ್ದೆ, ಕೈ ಎತ್ತಿಸಿದ್ದೆ. ರೂಪಶ್ರೀ ಓದಿ, "ಆಂಟಿ, ಹಂಗಿದ್ದಿದ್ರೆ ಎಲ್ಲಾರ್ಗೂ ಅರ್ಥ ಆಗ್ತಿತ್ತು," ಅಂದಳು.)

ಪ್ರಶಾಂತ ಅವಳೊಡನೆ ಮಾತು ಬಿಡುತ್ತಾನೆ. ಅನ್ನ ಮೆತ್ತಗಾದದ್ದಕ್ಕೆ, ಫೋನಿನಲ್ಲಿ ಅವಳು ನಕ್ಕದ್ದಕ್ಕೆ. ವಾರಗಟ್ಟಲೆ. ಬಡಿಸಿದ್ದನ್ನು ಉಣ್ಣುತ್ತಾನೆ, ಅಂಗಡಿಯಲ್ಲಿ ಎಲ್ಲರೊಡನೆ ನಗುತ್ತಾನೆ, ಮನೆಯಲ್ಲಿ ಅವಳು ಇಲ್ಲವೇ ಇಲ್ಲ ಎಂಬಂತೆ ಓಡಾಡುತ್ತಾನೆ.

"ಹೊಡೆಯಲ್ಲ, ಬಡಿಯಲ್ಲ. ಮಾತಾಡಲ್ಲ ಅಷ್ಟೆ," ಎನ್ನುತ್ತಾರೆ ಮಹಾಂತೇಶ್. "ಕಡ್ಡಿ ಒಂದು ಕೂರ್ಲಿ, ಎಲ್ಲ ಸರಿಹೋಗ್ತದೆ."

ಎರಡು ಸಲ ಕಳಿಸಿದರೂ ಕಡ್ಡಿ ಅಲ್ಲಿ ಕೂರಲಿಲ್ಲ. ಬೀಗಿತಿ ಫೋನು ಮಾಡಿ, "ನಿಮ್ಮನಿ ಉಜ್ಜಪ್ಪ ನಮ್ಮ ಮಣ್ಣಿಗೆ ಒಗ್ಗವಲ್ಲ ನೋಡ್ರಿ. ಕಡ್ಡಿ ಗುಣ ಹೆಂಗೈತೋ ಏನೋ," ಎಂದು ನಕ್ಕಿದ್ದರು.

ಪಂಚಮಿಯ ಹಿಂದಿನ ದಿನ ತಾಯಿ ಮಗಳು ಶೇಂಗಾ ಉಂಡೆ ಕಟ್ಟುತ್ತ ಕೂತಿದ್ದರು.

"ಅವ್ವ, ಕಡ್ಡಿ ಒಣಗಿರಲಿಲ್ಲ. ಎರಡೂ ಸಲ ಚಿಗುರಿತ್ತು."

"ಮತ್ತೆ?"

"ನಾನೇ ಕಿತ್ತು ಒಗದೆ. ಚಿಗುರು ನೋಡಿದ್ರೆ ಮಗಳು ಕೂತ್ಲು ಅಂತ ನೀವು ನಿಶ್ಚಿಂತಿ ಆಗಿಬಿಡ್ತಿದ್ರಿ."

ನಾಗರತ್ನಮ್ಮ ಕೈಯಲ್ಲಿದ್ದ ಉಂಡೆಯನ್ನು ಕಟ್ಟಿ ಮುಗಿಸಿದರು. ತಟ್ಟೆಯಲ್ಲಿಟ್ಟರು. ಇನ್ನೊಂದಕ್ಕೆ ಪುಡಿ ತೆಗೆದುಕೊಂಡರು. (ಇಲ್ಲಿ ಒಂದು ಅಪ್ಪುಗೆ ಬರೆದಿದ್ದೆ. ಇಬ್ಬರೂ ಒಪ್ಪಲಿಲ್ಲ.)

5

ಕ್ಲೈಮ್ಯಾಕ್ಸ್ ಬೇಕಲ್ಲ. ಮೂರು ತಂದಿದ್ದೇನೆ.

ಒಂದು: ಸೋಮವಾರ ಬೀಗರೆದುರು ನಾಗರತ್ನಮ್ಮ ಎದ್ದು ನಿಂತು, ನನ್ನ ಮಗಳನ್ನು ಕಳಿಸುವುದಿಲ್ಲ ಎನ್ನುತ್ತಾರೆ.

"ನಾನು ಯಾವತ್ತಾದ್ರೂ ಹಂಗೆ ಮಾತಾಡೀನೇನ್ರಿ? ನಿಮ್ಮ ಮಾತು ನನ್ನ ಬಾಯಾಗೆ ಇಡಬ್ಯಾಡ್ರಿ."

ಎರಡು: ಮಹಾಂತೇಶರ ಕನಸಿನಲ್ಲಿ ಅವರ ತಾಯಿ ಬಂದು ಬುದ್ಧಿ ಹೇಳುತ್ತಾರೆ.

"ಅವರಿಗೆಲ್ಲಿ ಕನಸು? ಗೊರಕೆಗೇ ಟೈಮ್ ಸಾಲಲ್ಲ."

ಮೂರು: ರೂಪಶ್ರೀ ಹೋಗುತ್ತಾಳೆ. ಈ ಸಲ ಚಿಗುರನ್ನು ಕೀಳುವುದಿಲ್ಲ. ಮರ ಫಲ ಬಿಟ್ಟ ವರ್ಷ ಪ್ರಶಾಂತ ಹೋಳು ಬಾಯಿಗಿಟ್ಟು, ಹಣ್ಣು ಚೆನ್ನಾಗೈತೆ ಎನ್ನುತ್ತಾನೆ.

ಇದಕ್ಕೆ ನಾಗರತ್ನಮ್ಮ ನಗಲಿಲ್ಲ. ಟೊಂಗೆ ಹಿಡಿದು ನನ್ನ ಕಡೆ ಬಗ್ಗಿದರು.

"ಹಂಗಾಗ್ತದೆ ಅಂತ ನಿಮಗೆ ಅನ್ನಿಸ್ತದಾ?"

ಗೊತ್ತಿಲ್ಲ ಅಂದೆ. ಬರೆಯುವವಳಿಗಾದರೂ ಗೊತ್ತಿರಬೇಕಿತ್ತು.

"ಗೊತ್ತಿಲ್ದೆ ಕಳಿಸ್ತೀರಿ?"

6

ಮಹಾಂತೇಶ್ ಟವೆಲು ಹೆಗಲಿಗೆ ಹಾಕಿಕೊಂಡು ಜಗುಲಿಗೆ ಬಂದರು. "ಎಲೆ ಆತೇನು?"

"ನಡದೈತ್ರಿ."

"ತಡ ಮಾಡಬ್ಯಾಡ. ಆವತ್ತು ಸಭೆಯಾಗೆ ಬೀಗರು ಮುಂದಿನ ಸಾಲಿನಾಗೇ ಕೂತಿದ್ರು. ಕಡ್ಡಿ ಇಲ್ದೆ ಕಳಿಸೋ ಮನೆ ಅಲ್ಲ ಇದು ಅಂತ ಮೈಕಿನಾಗೆ ಹೇಳೀನಿ."

"ಹೌದ್ರಿ. ಎಲ್ಲಾರೂ ಕೇಳ್ಯಾರೆ."

ಅವರು ಸ್ನಾನಕ್ಕೆ ಹೋದರು. ನಾಗರತ್ನಮ್ಮ ಟೊಂಗೆಯನ್ನು ನೋಡಿದರು. ಕೆಳಗಿನರ್ಧ ಬೋಳು, ತುದಿಯಲ್ಲಿ ಎಲೆ. ಕೈ ಮುಂದಿನ ಎಲೆಗೆ ಹೋಯಿತು, ಹಿಡಿಯಿತು, ಬಿಟ್ಟಿತು. ಆಕೆ ಇಳಿದರು. ಕೆಳಗೆ ಬಿದ್ದ ಎಲೆಗಳನ್ನು ಗುಡಿಸಿ ಮರದ ಬುಡಕ್ಕೇ ಹಾಕಿದರು.

"ಉಳಿದದ್ದು ಸಂಜೆಗಾ?" ಅಂದೆ.

"ಮಂಡಕ್ಕಿ ಆರ್ತಾವೆ. ಬರ್ರಿ ಒಳಗೆ."

ಇಲ್ಲಿ ನೀವು ಸೋಮವಾರದ ಬಗ್ಗೆ ಕೇಳುತ್ತೀರಿ. ಮಹಾಂತೇಶ್ ಕೂಗಾಡಬಹುದು. ಬೀಗರು ಮುಖ ಊದಿಸಿಕೊಂಡು ಬರಿಗೈಯಲ್ಲಿ ಹಿಂದಿರುಗಬಹುದು, ಅಥವಾ ಪದ್ಧತಿಯೂ ಬೇಡ ಕಡ್ಡಿಯೂ ಬೇಡ, ಹುಡುಗಿ ಕಳಿಸಿ ಎನ್ನಬಹುದು. ಇವುಗಳಲ್ಲಿ ಯಾವುದನ್ನೂ ನಾನು ಬರೆಯುವುದಿಲ್ಲ. ಆಕೆ ನನಗೇ ಏನೂ ಹೇಳಿಲ್ಲ, ಮಗಳಿಗೂ ಹೇಳಿಲ್ಲ.

ಸ್ಟೂಲನ್ನು ಅಡುಗೆಮನೆಯಲ್ಲಿ ಇಟ್ಟು, ಧೂಳನ್ನು ಸೆರಗಿನಿಂದ ಒರೆಸಿ, ನಿಂತೇ ತಿನ್ನುತ್ತಿದ್ದ ರೂಪಶ್ರೀಗೆ ಅಂದರು:

"ಕೂತ್ಕೋ."