ಕೋರ್ಟು ಏಳುವ ತನಕ

"ಎಲ್ಲ್ರೀ ಒಂದನೇ ಆರೋಪಿ? ನನ್ನ ಕನ್ನಡಕ ಮೂಗಿಂದ ಜಾರಿ ಬೀಳೋ ತನಕ ಕಾಯಬೇಕಾ?"

ಸರ್ಕಾರಿ ವಕೀಲರ ಗೊಗ್ಗರು ದನಿ ಪರಮೇಶನ ಗಂಟಲಿನಿಂದ ಹೊರಬಿದ್ದದ್ದೇ ಓಮ್ನಿಯೊಳಗೆ ನಗು ಉಕ್ಕಿತು. ಉಳಿದ ನಾಲ್ವರು ಆರೋಪಿಗಳು ಒಬ್ಬರ ತೊಡೆ ಒಬ್ಬರು ತಟ್ಟಿಕೊಂಡರು. ಗಾಡಿ ಓಡಿಸುತ್ತಿದ್ದ ಶಿವಶಂಕರಪ್ಪನೂ ನಕ್ಕ. ಅವನು ಅದೇ ಕೇಸಿನ ಗಾಯಾಳು.

ಹೊಳೆಹೊನ್ನೂರಿನಲ್ಲಿ ಇದು ಯಾರಿಗೂ ವಿಚಿತ್ರವಾಗಿ ಕಾಣುತ್ತಿರಲಿಲ್ಲ. ಆರು ವರ್ಷದ ಹಿಂದೆ ಟೆನಿಸ್ ಬಾಲ್ ಕ್ರಿಕೆಟ್ ಫೈನಲ್ಲಿನಲ್ಲಿ ಶಿವಶಂಕರಪ್ಪ ಅಂಪೈರ್ ಆಗಿದ್ದ. ಒಂದು ರನ್‌ಔಟಿಗೆ ಈ ಐವರೂ ಅಪೀಲು ಮಾಡಿದರು, ಅವನು ಔಟಲ್ಲ ಎಂದು ತಲೆಯಾಡಿಸಿದ. ಐವರೂ ಮುಗಿಬಿದ್ದರು. ಸ್ಟಂಪು ಕಿತ್ತವನು ಪರಮೇಶ, ಮುರಿದದ್ದು ಅಂಪೈರ್ ಮಣಿಕಟ್ಟು. ಆಮೇಲೆ ಭದ್ರಾವತಿ ಕೋರ್ಟಿಗೆ ಅಲೆದಾಟ. ಬೆಳಿಗ್ಗೆ ಹೊತ್ತಿಗೆ ಸರಿಯಾಗಿ ಆ ಕಡೆ ಹೊರಡುತ್ತಿದ್ದುದು ಶಿವಶಂಕರಪ್ಪನ ಬಾಡಿಗೆ ಓಮ್ನಿ ಒಂದೇ. ಮೊದಲ ವಾಯಿದೆಗೆ ತಲೆ ತಗ್ಗಿಸಿ ಹತ್ತಿದವರು, ವರ್ಷ ತುಂಬುವಷ್ಟರಲ್ಲಿ "ಹಾಡು ಬದಲಾಯ್ಸಣ್ಣ" ಅನ್ನತೊಡಗಿದರು.

ಭದ್ರಾವತಿಯಲ್ಲಿ ಐವರಿಗೂ ಒಂದು ವರ್ಷ ಸಜೆಯಾಯಿತು. ಇವತ್ತು ಶಿವಮೊಗ್ಗದಲ್ಲಿ ಅದರ ಮೇಲ್ಮನವಿ. "ಅಂಪೈರು ಕಿವಿಗೆ ಹಾಕ್ಕೊಳ್ದಿರೋ ಅಪೀಲು ಜಿಲ್ಲಾ ಕೋರ್ಟಿಗೇ ಬಂತಲ್ಲ ಮಾರಾಯ," ಎಂದ ಮೂರನೇ ಆರೋಪಿ ನವಾಜ್. ಪರಮೇಶ ಎಲ್ಲರಿಗಿಂತ ಜೋರಾಗಿ ನಕ್ಕ. ಮೈಕ್ ಸೆಟ್ಟಿನ ಬಾಡಿಗೆ, ಮದುವೆಮನೆಯಲ್ಲಿ ಮಿಮಿಕ್ರಿ, ಇಷ್ಟೇ ಅವನ ಸಂಪಾದನೆ. ಮಗಳು ಇಂಪನಾಗೆ ಈಗಷ್ಟೇ ಮಾತು ಮೂಡುತ್ತಿತ್ತು. ತಾನು ಒಳಗಿದ್ದಾಗ ಅವಳು 'ಅಪ್ಪ' ಅನ್ನೋದನ್ನ ಹಾಲು ಹಾಕುವವನಿಗೆ ಅಂದುಬಿಟ್ಟರೆ?

ಕೋರ್ಟಿನಲ್ಲಿ ಆರೋಪಿಗಳ ವಕೀಲೆ ಮಧುಶ್ರೀ, ಗಾಯಾಳುವೇ ರಾಜಿಗೆ ಒಪ್ಪಿದ್ದಾರೆ, ಜೈಲು ತಪ್ಪಿಸಬೇಕು ಎಂದು ವಾದಿಸಿದರು. ನ್ಯಾಯಾಧೀಶರು ಶಿವಶಂಕರಪ್ಪನನ್ನು ಮುಂದೆ ಕರೆದರು.

"ಯಾರಾದ್ರೂ ಹೆದರಿಸಿ ಕರ್ಕೊಂಡು ಬಂದ್ರೇನ್ರೀ?"

"ಇಲ್ಲ ಸ್ವಾಮಿ. ಅವರನ್ನೇ ನಾನು ಕರ್ಕೊಂಡು ಬಂದೆ."

ಕೋರ್ಟಿನಲ್ಲಿ ನಗು ಹರಿಯಿತು. ನ್ಯಾಯಾಧೀಶರು ನಗಲಿಲ್ಲ. "ಕ್ಷಮೆ ಕೇಳಿದಾರಾ?"

ಶಿವಶಂಕರಪ್ಪ ಫ್ಯಾನು ನೋಡಿದ, ನೆಲ ನೋಡಿದ. "ಅದು... ಆ ವಿಷಯ ಬಂದೇ ಇಲ್ಲ ಸ್ವಾಮಿ."

"ಆರು ವರ್ಷದಲ್ಲಿ?"

"ಬೇರೆ ಎಲ್ಲಾ ಮಾತಾಡಿದೀವಿ."

"ಊಟ ಆದ್ಮೇಲೆ ತಗೋತೀನಿ," ಎಂದು ನ್ಯಾಯಾಧೀಶರು ಕಡತ ಪಕ್ಕಕ್ಕಿಟ್ಟರು. ಆ ದನಿಯಲ್ಲಿ ರಾಜಿಯ ವಾಸನೆಯೂ ಇರಲಿಲ್ಲ.

ಹೊರಗೆ ಮಧುಶ್ರೀ ಉರಿದುಬಿದ್ದರು. "ಒಂದೇ ಗಾಡೀಲಿ ಓಡಾಡ್ತೀರ, ಒಂದು ಮಾತು ಕೇಳಕ್ಕೆ ಏನಾಗಿತ್ರೀ?"

"ಪರಮೇಶ ಕೇಳಿರ್ತಾನೆ ಅಂತ ನಾನು," ಎಂದ ಎರಡನೇ ಆರೋಪಿ ದುಶ್ಯಂತ್.

"ದುಶ್ಯಂತ್ ಕೇಳಿದಾನೆ ಅಂತ ನಾನು," ಎಂದ ನವಾಜ್.

ಪರಮೇಶ ಸೀದಾ ಕ್ಯಾಂಟೀನಿಗೆ ಹೋದ. ಶಿವಶಂಕರಪ್ಪ ಒಬ್ಬನೇ ಕೂತು ಮೊಸರನ್ನ ಕಲಸುತ್ತಿದ್ದ. ಬಲಗೈ ಮಣಿಕಟ್ಟು ಅರ್ಧಕ್ಕಿಂತ ಹೆಚ್ಚು ತಿರುಗುತ್ತಿರಲಿಲ್ಲ. ಪರಮೇಶ ಎದುರಿಗೆ ನಿಂತು ಎದೆಯುಬ್ಬಿಸಿದ. "ಈ ನ್ಯಾಯಾಲಯವು ಒಂದನೇ ಆರೋಪಿಯ ಪರವಾಗಿ ಕ್ಷಮೆ ಯಾಚಿಸುತ್ತದೆ!" ಥೇಟ್ ನ್ಯಾಯಾಧೀಶರೇ. ಪಕ್ಕದ ಮೇಜಿನವರು ತುತ್ತು ಬಾಯಲ್ಲಿಟ್ಟುಕೊಂಡೇ ನಕ್ಕರು. ಶಿವಶಂಕರಪ್ಪ ನಗಲಿಲ್ಲ. ಪರಮೇಶ ಮಧುಶ್ರೀಯ ದನಿ ತೆಗೆದ, ಆಮೇಲೆ ಸರ್ಕಾರಿ ವಕೀಲರದು.

"ಚೆನ್ನಾಗ್ ಮಾಡ್ತೀಯ," ಎಂದ ಶಿವಶಂಕರಪ್ಪ. "ಈಗ ನೀನು ಮಾತಾಡು."

"ಇದು ನನ್ನ ಬಾಯೇ ಅಲ್ವೇನಣ್ಣ?"

"ಬಾಯಿ ನಿಂದು. ಮಾತಾಡ್ತಿರೋರು ಅವರು."

ಪರಮೇಶ ಬಾಯಿ ತೆರೆದ. ಊರಿಗೆಲ್ಲ ಆಗುವಷ್ಟು ದನಿಗಳು ನಾಲಿಗೆ ತುದಿಯಲ್ಲೇ ಇದ್ದವು. ತನ್ನದನ್ನು ಹುಡುಕಬೇಕಾಯಿತು. ಸಿಕ್ಕಾಗ ಅದು ತೀರಾ ತೆಳ್ಳಗಿತ್ತು.

"ತಪ್ಪಾಯ್ತಣ್ಣ. ಆವತ್ತು ನಿನ್ನ ಕೈ ಮುರಿದಾಗ ಸದ್ದು ಬಂತಲ್ಲ... ನಾನು ಮಾಡದೇ ಇರೋ ಸದ್ದಿಲ್ಲ. ಅದೊಂದನ್ನ ಮಾತ್ರ ಇವತ್ತಿಗೂ ಯಾರಿಗೂ ಮಾಡಿ ತೋರಿಸಿಲ್ಲ."

ಶಿವಶಂಕರಪ್ಪ ಕಾಲಲ್ಲಿ ಎದುರಿನ ಕುರ್ಚಿ ಹಿಂದಕ್ಕೆ ದೂಡಿ, "ಕೂತ್ಕೋ, ಮಜ್ಜಿಗೆ ಕುಡಿ," ಎಂದ. ಪರಮೇಶ ಕುಡಿಯುತ್ತಿದ್ದಂತೆ ಸೇರಿಸಿದ: "ಆದ್ರೆ ಅದು ಔಟಲ್ಲ."

"ಔಟಲ್ಲಣ್ಣ," ಎಂದ ಪರಮೇಶ.

ಮಧ್ಯಾಹ್ನ ಉಳಿದ ನಾಲ್ವರು ಮೆಟ್ಟಿಲ ಮೇಲೆ ಸಾಲುಗಟ್ಟಿ ಕ್ಷಮೆ ಕೇಳಿಕೊಂಡದ್ದೂ ಆಯಿತು. ನ್ಯಾಯಾಧೀಶರು ಮತ್ತೆ ಅದೇ ಪ್ರಶ್ನೆ ಕೇಳಿದರು.

"ಕೇಳಿದ್ರು ಸ್ವಾಮಿ," ಎಂದ ಶಿವಶಂಕರಪ್ಪ. "ಈಗ."

ತಪ್ಪು ತಪ್ಪೇ ಎಂದಿತು ತೀರ್ಪು. ಆದರೆ ಒಂದು ವರ್ಷದ ಸಜೆ ಹೋಯಿತು. ಗಾಯಾಳುವಿಗೆ ಪರಿಹಾರ ಕೊಡಬೇಕು. ಐವರೂ ಇವತ್ತು ಕೋರ್ಟು ಏಳುವ ತನಕ, ಅಂದರೆ ದಿನದ ಕಲಾಪ ಮುಗಿಯುವ ತನಕ, ಇದೇ ಹಾಲಿನಲ್ಲಿ ಕೂತಿರಬೇಕು, ಅಷ್ಟೇ ಸೆರೆ. ದುಶ್ಯಂತ್ ಚಪ್ಪಾಳೆಗೆ ಎತ್ತಿದ ಕೈಯನ್ನು ನವಾಜ್ ಹಿಡಿದು ಇಳಿಸಿದ.

ಅವರನ್ನು ಹಿಂದಿನ ಬೆಂಚಿನಲ್ಲಿ ಕೂರಿಸಿದ ಪೊಲೀಸಪ್ಪ, "ತುಟಿ ಪಿಟಕ್ ಅನ್ನಂಗಿಲ್ಲ," ಎಂದ. ಪರಮೇಶನ ಮಟ್ಟಿಗೆ ಅದು ಕಠಿಣ ಸಜೆಯೇ. ಬೇಲಿಯ ವ್ಯಾಜ್ಯವೊಂದು ಶುರುವಾಯಿತು. ವಾದಿಸುತ್ತಿದ್ದ ಮುದಿ ವಕೀಲರ ದನಿ ಎಂಥ ಚಂದದ ಮೂಗುದನಿ! ಪರಮೇಶ ತುಟಿ ಕಚ್ಚಿ ಹಿಡಿದ.

"ನಿಮ್ದು ಮುಗೀತಲ್ಲ, ಹೊರಡ್ಬೋದು," ಎಂದು ಪೊಲೀಸಪ್ಪ ಶಿವಶಂಕರಪ್ಪನ ಕಿವಿಯಲ್ಲಿ ಹೇಳಿದ.

ಶಿವಶಂಕರಪ್ಪ ಬಾಗಿಲ ತನಕ ಹೋದ. ಚಪ್ಪಲಿ ಮೆಟ್ಟಲು ಬಗ್ಗಿದವನು ಹಾಗೇ ತಿರುಗಿ ಬಂದು, ಬೆಂಚಿನ ತುದಿಯಲ್ಲಿ ನಿಂತು, ಸರಿಯಿರಿ ಎಂಬಂತೆ ಕೈ ಆಡಿಸಿದ. ಐವರೂ ಗೋಡೆಯತ್ತ ಸರಿದರು. ಅವನು ಕೂತು ಕೈಕಟ್ಟಿದ. ಮುಂದೆ ಮುದಿ ವಕೀಲರು ಯಾರದೋ ಬೇಲಿಯನ್ನು ಒಂದು ಗೇಣು ಆಚೆಗೆ, ಒಂದು ಗೇಣು ಈಚೆಗೆ ಎಳೆಯುತ್ತಲೇ ಇದ್ದರು.