ಶರಣು ಹೇಳುವ ಬಟನ್

“ಒಂಬತ್ತನೇ ಕ್ಲಾಸ್ ಫೇಲಾದಂವ, ಸತ್ತ ಸಾಫ್ಟ್‌ವೇರಿನ ಹೆಣ ಕಾಯಾಕತ್ತಾನ ನೋಡ್ರಿ,” ಅಂದರು ಅಮರನಾಥ ಸರ್. ಇಡೀ ಬ್ಯಾಚು ಕೂತಿತ್ತು. ಒಬ್ಬಿಬ್ಬರು ನಕ್ಕರು.

ಆಳಂದ ಬಸ್ ಸ್ಟ್ಯಾಂಡಿನ ಹಿಂದಿರುವ ಈ ಕಂಪ್ಯೂಟರ್ ಸೆಂಟರ್ ಅವರದು. ಕಲಿಸುವವನು ನಾನು, ಸಂಜುಕುಮಾರ. ಕಲಿಸುವುದು ವಿಬಿ ಸಿಕ್ಸ್. ಪ್ರೋಗ್ರಾಂ ಬರೆಯುವ ಹಳೇ ಸಾಮಾನು ಅದು. ಮಾಡಿದ ಕಂಪನಿಯೇ ಕೈಬಿಟ್ಟು ಬಹಳ ವರ್ಷವಾಯಿತು. ಸರ್ ಹೇಳುವುದು ಸುಳ್ಳಲ್ಲ, ಕಲಬುರಗಿಯಲ್ಲಿ ಈಗ ಅದನ್ನು ಯಾರೂ ಕೇಳುವುದಿಲ್ಲ. ಹೊಸದನ್ನೂ ಹಾಕಿ ನೋಡಿದ್ದೇನೆ. ನಮ್ಮ ಮುದಿ ಕಂಪ್ಯೂಟರಿನಲ್ಲಿ ಅದು ತೆರೆಯುವುದರೊಳಗೆ ಹೊರಗೆ ಹೋಗಿ ಚಹಾ ಕುಡಿದು ಬರಬಹುದು. ತೆರೆದ ಮೇಲೆ ನೆಟ್ ಕೇಳುತ್ತದೆ, ಅಕೌಂಟ್ ಕೇಳುತ್ತದೆ, ನೀನು ಯಾರು ಅಂತ ಕೇಳುತ್ತದೆ. ಆ ಪ್ರಶ್ನೆ ನನಗೆ ಸಾಕಾಗಿಹೋಗಿದೆ.

ಹಳೆಯದು ಏನೂ ಕೇಳುವುದಿಲ್ಲ. ಖಾಲಿ ಫಾರಂ ಮೇಲೆ ಒಂದು ಬಟನ್ ಎಳೆದಿಡು, ಒಂದು ಸಾಲು ಬರೆ, ಒತ್ತು. ಮೊದಲ ದಿನ ಎಲ್ಲರೂ ತಮ್ಮ ಮನೆಯ ನಮಸ್ಕಾರವನ್ನೇ ಬರೆಯುವುದು ಸೆಂಟರಿನ ರೂಢಿ. ಒಬ್ಬರದು ಜೈ ಭೀಮ್, ಇನ್ನೊಬ್ಬರದು ಸಲಾಂ. ಕನ್ನಡ ಅದಕ್ಕೆ ಸರಿಯಾಗಿ ಬರದು, ಇಂಗ್ಲಿಷ್ ಅಕ್ಷರದಲ್ಲೇ ಬರೆಯಬೇಕು. ಈ ರೂಢಿ ಹಾಕಿದವರೂ ಅಮರನಾಥ ಸರ್. ಜೇವರ್ಗಿಯಲ್ಲಿ ಸಾಲಿ ಬಿಟ್ಟು ಗ್ಯಾರೇಜಿನಲ್ಲಿ ಬಿದ್ದಿದ್ದ ನನ್ನನ್ನು ಎಳೆದು ತಂದು ಕೂರಿಸಿದಾಗ ಅವರೇ ಅಂದಿದ್ದರು, “ಸರ್ಟಿಫಿಕೇಟ್ ಯಾಂವ ನೋಡ್ತಾನಲೇ? ಒತ್ತಿದ್ರ ನಡೀಬೇಕು, ಅಷ್ಟ.”

ಇವತ್ತೇ ಎಲ್ಲ ಕಂಪ್ಯೂಟರಿನಿಂದ ವಿಬಿ ಸಿಕ್ಸ್ ತೆಗೆದು ಹೊಸದು ಹಾಕಬೇಕು, ನನಗಾಗದಿದ್ದರೆ ನಾಳೆಯಿಂದ ಕಲಿಸಲು ಬೇರೆಯವರು ಬರುತ್ತಾರೆ ಅಂದರು ಸರ್. ಅಷ್ಟರಲ್ಲಿ ಕಿಣ್ಣಿ ಸುಲ್ತಾನ ಹಳ್ಳಿಯಿಂದ ಬರುವ ವಿದ್ಯಾವತಿ ತನ್ನ ಬಟನ್ ಒತ್ತಿದಳು. ಪರದೆಯ ಮೇಲೆ ಇಂಗ್ಲಿಷ್ ಅಕ್ಷರದಲ್ಲಿ ‘ಶರಣು’ ಬಂತು. ಅವಳು ಮುಖ ಅರಳಿಸಿ ಸರ್ ಕಡೆ ನೋಡಿದಳು.

ಸರ್ ಕೈ ತಾನಾಗಿಯೇ ಎದೆಗೆ ಹೋಯಿತು. “ಶರಣಾರ್ಥಿ ತಾಯಿ,” ಅಂದುಬಿಟ್ಟರು.

ಆ ಗಳಿಗೆಗೆ ಜೇವರ್ಗಿಯಿಂದ ನನ್ನನ್ನು ಎಳೆದು ತಂದ ಅದೇ ಮನುಷ್ಯ. ಆಮೇಲೆ ಕೈ ಇಳಿಸಿದರು.

“ಖರೇನ, ಚಂದ ಅದ,” ಅಂದರು ಮೆಲ್ಲಗೆ. “ಆದ್ರ ಅದ್ರಾಗ ನೌಕರಿ ಇಲ್ಲಲೇ. ತೆಗಿತೀಯೋ, ಸೆಂಟರಿನ ಚಾವಿ ಕೊಡ್ತೀಯೋ? ಹೇಳು.”

ಬಾಯಿಗೆ ಬಂದದ್ದು ಅವರೇ ಹೇಳಿಕೊಟ್ಟ ಮಾತು, ಒತ್ತಿದ್ರ ನಡೀಬೇಕು ಅಂತ. ಅದನ್ನು ಅವರಿಗೇ ತಿರುಗಿಸುವಷ್ಟು ಸಿಟ್ಟೂ ಉಳಿದಿರಲಿಲ್ಲ. ವಿದ್ಯಾವತಿ ಇನ್ನೊಮ್ಮೆ ಬಟನ್ ಒತ್ತುತ್ತಿದ್ದಳು. ಚಾವಿಯನ್ನು ಮೇಜಿನ ಮೇಲಿಟ್ಟೆ, ಚಪ್ಪಲಿ ಮೆಟ್ಟಿಕೊಂಡು ಬಸ್ ಸ್ಟ್ಯಾಂಡಿನ ಕಡೆ ನಡೆದೆ.